ಹಗೆಯ ಹೊಕ್ಕವನು

ಕಂತು ಏಳು

ಕಂದೀಲನ್ನು ಕಿವಿಗೆ ಹಿಡಿದು ಪಿಎಸ್‌ಐ ಕ್ರಾಂತಿ ಮೂರನೆಯ ಸಲ ಅಲ್ಲಾಡಿಸಿದಳು. ತಳದ ಬುಡ್ಡಿಯಲ್ಲಿ ತೊಟ್ಟು ಎಣ್ಣೆಯೂ ಕುಲುಕಲಿಲ್ಲ.

“ಅದೇನು ತೆಂಗಿನಕಾಯೇನ್ರಿ ಮೇಡಂ, ನೀರು ಐತೋ ಇಲ್ಲೋ ಅಂತ ಅಲ್ಲಾಡ್ಸಾಕ?” ಹೆಡ್ ಕಾನ್ಸ್‌ಟೇಬಲ್ ಯರ್ರೆಪ್ಪ ಬಾಯೊಳಗಿನ ಎಲೆ ಅಡಿಕೆಯನ್ನು ಒಂದು ದವಡೆಯಿಂದ ಇನ್ನೊಂದಕ್ಕೆ ತಳ್ಳಿದ. “ನಾಕು ದಿನ ಆತು ಅದು ಈ ಮೂಲ್ಯಾಗ ಕುಂತು. ಆರಿ ಹೋಗಿರತೈತಿ.”

“ಮುಚ್ಚಳ ಬಿಗಿದ ಬುಡ್ಡಿಯಾಗ ಸೀಮೆಎಣ್ಣಿ ನಾಕು ದಿನಕ್ಕ ಆರತೈತೇನು ಯರ್ರೆಪ್ಪಣ್ಣ?”

“ಹಂಗಾದ್ರ ಸೋರಿರತೈತಿ.”

ಕ್ರಾಂತಿ ಎದ್ದು ಹೋಗಿ ಠಾಣೆಯ ಹಿಂದಿನ ಚಹಾದ ಒಲೆಯಿಂದ ಸೀಮೆಎಣ್ಣೆ ತಂದಳು. ಅರ್ಧ ಬುಡ್ಡಿ ತುಂಬಿ, ಹಳೆಯ ದಿನಪತ್ರಿಕೆಯ ಮೇಲೆ ಕಂದೀಲನ್ನು ಇಟ್ಟಳು. ಕೂರಲಾಗಲಿಲ್ಲ. ಬಾಗಿಲಿಗೆ ಹೋದಳು, ಬಂದಳು. ಗೋಡೆಯ ಗಡಿಯಾರದಲ್ಲಿ ಹನ್ನೊಂದೂವರೆ. ಐದಕ್ಕೆ ಓಬಣ್ಣನನ್ನು ನ್ಯಾಯಾಧೀಶರ ಮುಂದೆ ನಿಲ್ಲಿಸಬೇಕು.

ಬುರುಜಿನಹಾಳಿನ ಚರಿತ್ರೆ ಬರೆಯುತ್ತಿದ್ದ ನಿವೃತ್ತ ಮೇಷ್ಟ್ರು ಬೆನಕಪ್ಪನವರು ಶನಿವಾರ ಆ ಊರ ಕೋಟೆಯ ಹಗೇವಿನಲ್ಲಿ ಹೆಣವಾಗಿ ಸಿಕ್ಕಿದ್ದರು. ತಲೆತಲಾಂತರದಿಂದ ಯಾರೂ ತೆರೆಯದ, ಕಾಳು ತುಂಬಿಡುತ್ತಿದ್ದ ನೆಲದೊಳಗಿನ ಗುಂಡಿ. ಒಳಗಿನ ಗಾಳಿ ಕೆಟ್ಟಿರುತ್ತದೆ ಎಂಬುದು ಈ ಸೀಮೆಯಲ್ಲಿ ತೊಟ್ಟಿಲ ಮಕ್ಕಳಿಗೂ ಗೊತ್ತು. ಬಾಯಿಯ ಕಲ್ಲು ಸರಿಸಿದ ಮೇಲೆ ಒಂದು ರಾತ್ರಿ ಹಗ್ಗಕ್ಕೆ ಕಂದೀಲು ಕಟ್ಟಿ ಇಳಿಬಿಡುತ್ತಾರೆ. ದೀಪ ಬದುಕಿದ್ದರೆ ಮನುಷ್ಯ ಇಳಿಯಬಹುದು. ಸತ್ತಿದ್ದರೆ ಇಲ್ಲ.

ಶುಕ್ರವಾರ ಸಂಜೆ ಕಲ್ಲು ಸರಿಸಿ ಕಂದೀಲು ಇಳಿಸಿದವನು ಕೋಟೆಯ ಕಾವಲುಗಾರ ಓಬಣ್ಣ. ಶನಿವಾರ ಮಧ್ಯಾಹ್ನ ಊರವರು ಬಗ್ಗಿ ನೋಡಿದಾಗ ಮೇಷ್ಟ್ರ ಹೆಣದ ಪಕ್ಕ ಕಂದೀಲು ಆರಿ ನಿಂತಿತ್ತು. “ಹಗೇವು ಕೊಂತು” ಎಂದರು. ಅಲ್ಲಿಗೆ ಮುಗಿಯಿತು. ಶವಪರೀಕ್ಷೆ ಮಾಡಿದ ವೈದ್ಯರೂ ಉಸಿರುಗಟ್ಟಿ ಸಾವು, ಗಾಯಗಳಿಲ್ಲ ಎಂದು ಬರೆದುಕೊಟ್ಟರು.

ಓಬಣ್ಣನ ಹೇಳಿಕೆಯೂ ಅದಕ್ಕೆ ಹೊಂದಿಕೊಂಡಿತು. ಬೆಳಿಗ್ಗೆ ಮೇಷ್ಟ್ರಿಗೆ ಕೋಟೆಯ ಬಾಗಿಲು ತೆಗೆದುಕೊಟ್ಟೆ, ಕಂದೀಲು ನೋಡಲಿಲ್ಲ, ಕೂಡ್ಲಿಗಿ ಬಸ್ಸಿಗೆ ಹೊತ್ತಾಗಿತ್ತು. ಅಷ್ಟೇ. ಸರ್ಕಲ್ ಸಾಹೇಬರು ನಿನ್ನೆ ಸಂಜೆ ಅವನನ್ನು ಒಳಗೆ ಹಾಕಿಸಿದರು. ನಿರ್ಲಕ್ಷ್ಯದಿಂದ ಸಾವು.

ಮೂವತ್ತೊಂದು ವರ್ಷ ದಿನಗೂಲಿಯ ಮೇಲೆ ಕೋಟೆ ಕಾದವನು ಓಬಣ್ಣ. ನೌಕರಿ ಕಾಯಂ ಮಾಡುವ ಆದೇಶಕ್ಕೆ ಸಹಿ ಹಾಕಲೆಂದೇ ಅವತ್ತು ಕೂಡ್ಲಿಗಿಗೆ ಹೋಗಿದ್ದ. ಕೇಸು ಬಿತ್ತೆಂದರೆ ಆ ಕಾಗದ ಕಸ. ಅವನ ಮನೆತನದ ಮೇಲೆ ಊರಿನಲ್ಲಿ ಆಗಲೇ ಮಾತು ಶುರುವಾಗಿದೆ: ಬಾಗಿಲ ಮನೆಯವರ ಬುದ್ಧಿ, ಇನ್ನೇನು.

“ನೋಡ್ರಿ,” ಎಂದು ಕ್ರಾಂತಿ ಕಂದೀಲು ಎತ್ತಿದಳು. ಕಾಲು ಗಂಟೆಯಾಗಿತ್ತು. ಪತ್ರಿಕೆಯ ಮೇಲೆ ಒಂದು ಕಲೆಯಿಲ್ಲ.

ಯರ್ರೆಪ್ಪ ಬಗ್ಗಿ ಮೂಸಿದ. “ಸೋರಿಲ್ಲ.”

“ಬತ್ತಿ ನೋಡ್ರಿ. ಹಿತ್ತಾಳಿ ಬಾಯಿತನಕ ಸುಟ್ಟು ಕರಕಾಗೈತಿ. ಗಾಳಿ ಕೆಟ್ಟು ದೀಪ ಸತ್ತಿದ್ರ ಎಣ್ಣಿ ಉಳೀಬೇಕು, ಬತ್ತಿ ಉಳೀಬೇಕು. ಇದು ಸತ್ತಿಲ್ಲ ಯರ್ರೆಪ್ಪಣ್ಣ. ಎಣ್ಣಿ ತೀರೋತನ ಉರದೈತಿ.”

ಯರ್ರೆಪ್ಪ ಅಗಿಯುವುದನ್ನು ನಿಲ್ಲಿಸಿದ. ಹುಟ್ಟಿದಾಗಿನಿಂದ ಹಗೇವು ಕಂಡವನು ಅವನು. ಆರಿದ ಕಂದೀಲು ಕಂಡೊಡನೆ ಎಲ್ಲರ ಹಾಗೆ ಅವನೂ ಗಾಳಿ ಎಂದೇ ಅಂದುಕೊಂಡಿದ್ದ. ಬುಡ್ಡಿ ಅಲ್ಲಾಡಿಸಿ ನೋಡಬೇಕೆಂದು ಇಡೀ ಊರಿನಲ್ಲಿ ಒಬ್ಬರಿಗೂ ಹೊಳೆದಿರಲಿಲ್ಲ.

“ಖರೆ ಐತಿ,” ಎಂದ ನಿಧಾನವಾಗಿ. ಆಮೇಲೆ, “ಆದ್ರ ಮೇಡಂ, ಮ್ಯಾಲ ಎಲ್ಲ್ಯೋ ಉರಿದು ಆರಿದ ಕಂದೀಲನ್ನ ಆಮ್ಯಾಲ ಕೆಳಗ ಇಟ್ಟಿದ್ರ? ಸರ್ಕಲ್ ಸಾಹೇಬ್ರು ಮೊದಲ್ನೇ ಮಾತು ಅದನ್ನ ಕೇಳ್ತಾರ.”

“ಅದಕ್ಕ ನಾನು ಇಳೀಬೇಕು.”

“ಎದಕ್ಕ?”

“ಹಗೇವಿಗೆ.”

ಯರ್ರೆಪ್ಪ ಹೊರಗೆ ಹೋಗಿ ಎಲೆ ಅಡಿಕೆ ಉಗಿದು ಬಂದ. “ನಿಮ್ಮವ್ವ ಹೂವಿನ ಹಡಗಲ್ಯಾಗ ಆರಾಮ ಮಲ್ಲಿಗಿ ಕಟಕೊಂತ ಕುಂತಿದ್ದಾಳ. ನನ್ನ ಮಗಳು ಪಿಎಸ್‌ಐ ಆಗ್ಯಾಳ ಅಂತ ಹತ್ತು ಮಂದಿಗೆ ಹೇಳ್ತಾಳ. ನಡೀರಿ, ಏನರ ಆದ್ರ ನಾ ಅಕಿ ಮಾರಿ ನೋಡಂಗಿಲ್ಲ.”

ಅವನ ಎಂ-ಎಯ್ಟಿ ಗಾಡಿ ನಾಲ್ಕನೆಯ ಒದೆತಕ್ಕೆ ಕೆಮ್ಮಿ ಎದ್ದಿತು.

*

ದಾರಿಯ ಎರಡೂ ಬದಿ ಶೇಂಗಾ ಕೀಳುತ್ತಿದ್ದರು. ಬಿಸಿಲಿಗೆ ಹಸಿ ಮಣ್ಣಿನ ವಾಸನೆ ಎದ್ದಿತ್ತು. ಕ್ರಾಂತಿ ಹಿಂದೆ ಕೂತು ಬ್ಯಾಗನ್ನು ಎದೆಗೆ ಅವಚಿಕೊಂಡಿದ್ದಳು. ಅದರಲ್ಲಿ ಮೇಷ್ಟ್ರ ನೋಟ್‌ಬುಕ್ಕು ಇತ್ತು. ನಾಲ್ಕು ದಿನದಿಂದ ಅದರ ಕೊನೆಯ ಪುಟವನ್ನು ಎಷ್ಟು ಸಲ ಓದಿದ್ದಳೋ.

ಬುರುಜಿನಹಾಳಿನಲ್ಲಿ ಮುನ್ನೂರು ಮನೆ, ಒಂದು ಗುಡ್ಡ. ಗುಡ್ಡದ ಮೇಲೆ ಎರಡು ಸುತ್ತಿನ ಕೋಟೆ. ಹೊರಸುತ್ತಿನ ಕಲ್ಲುಗಳು ಊರಿನ ಹಿತ್ತಿಲ ಗೋಡೆಗಳಾಗಿವೆ. ಒಳಸುತ್ತು ಮಾತ್ರ ಗಟ್ಟಿ ನಿಂತಿದೆ. ಅದರ ಬಾಗಿಲ ಕೆಳಗೇ, ಇಲಾಖೆ ಕಟ್ಟಿಸಿಕೊಟ್ಟ ಒಂದು ಕೋಣೆಯಲ್ಲಿ ಓಬಣ್ಣನ ಸಂಸಾರ.

ಓಬಣ್ಣನ ಹೆಂಡತಿ ಮಾರೆಮ್ಮ ಹೊಸ್ತಿಲಲ್ಲಿ ಕೂತು ಜೋಳ ಹಸನು ಮಾಡುತ್ತಿದ್ದಳು. ಖಾಕಿ ಕಂಡದ್ದೇ ಮೊರ ಕೆಳಗಿಟ್ಟು ಎದ್ದಳು.

“ಬಿಟ್ರೇನವ್ವ ಅವರನ್ನ?”

“ಇನ್ನೂ ಇಲ್ಲ ಮಾರವ್ವ. ಹಗ್ಗ ಬೇಕಾಗಿತ್ತು. ಗಟ್ಟಿಂದು.”

ಮಾರೆಮ್ಮ ಹಗ್ಗ ತಂದಳು. ಅವರ ಹಿಂದೆಯೇ ಮೆಟ್ಟಿಲು ಹತ್ತಿದಳು. ಆದರೆ ಹಗೇವಿನ ಬಾಯಿಗೆ ಹತ್ತು ಮಾರು ದೂರದಲ್ಲೇ, ಒಂದು ಬೇವಿನ ಗಿಡದ ನೆರಳಿಗೆ ನಿಂತುಬಿಟ್ಟಳು.

“ಶುಕ್ರವಾರ ಕಂದೀಲಿಗೆ ಎಣ್ಣಿ ಹಾಕಿದ್ದು ಯಾರು?” ಕ್ರಾಂತಿ ಕೇಳಿದಳು.

“ನಾನ. ಕಂಠಮಟ ಹಾಕಿದ್ದೆ. ಮೇಷ್ಟ್ರ ಜೀವದ ಮಾತು, ಎಣ್ಣಿಗೆ ಹಿಂದ ಮುಂದ ನೋಡ್ತಾರೇನು?”

ಮೊಳಕ್ಕಿಂತ ಸ್ವಲ್ಪ ಅಗಲದ ಬಾಯಿ, ಕೆಳಗೆ ಗಡಿಗೆಯ ಹೊಟ್ಟೆಯ ಹಾಗೆ ಉಬ್ಬಿದ ಗುಂಡಿ. ಎರಡಾಳು ಆಳ. ಗೋಡೆಗೆ ಕಾಲಿಡಲು ಗೂಡುಗಳು. ಸೊಂಟಕ್ಕೆ ಹಗ್ಗ ಕಟ್ಟಿಕೊಂಡು, ಬೂಟು ಕಳಚಿ, ಕ್ರಾಂತಿ ಬರಿಗಾಲಲ್ಲಿ ಇಳಿದಳು. ಐದು ದಿನ ಬಾಯಿ ತೆರೆದಿದ್ದರಿಂದ ಈಗ ಗಾಳಿಯ ಭಯವಿರಲಿಲ್ಲ. ಆದರೂ ಅವಳು ಪ್ರತಿ ಗೂಡಿಗೂ ನಿಂತು ಉಸಿರೆಳೆದು ನೋಡಿದಳು.

ತಳ ಮುಟ್ಟಿ ಬ್ಯಾಟರಿ ಹಚ್ಚಿದಳು. ಗಾರೆಯ ಗೋಡೆ ಇನ್ನೂ ನುಣುಪಾಗಿತ್ತು. ಕಂದೀಲು ನಿಂತಿದ್ದ ಜಾಗದಲ್ಲಿ ದುಂಡನೆಯ ಗುರುತು ಇತ್ತು. ಅದರ ಮೇಲೆ, ಗೋಡೆಗೆ, ನೆಲದಿಂದ ಎರಡು ಗೇಣು ಎತ್ತರದಲ್ಲಿ, ಅಂಗೈಯಗಲ ಕಪ್ಪು.

ಬೆರಳಿನಿಂದ ಒರೆಸಿದಳು. ಹೊಗೆಯ ಮಸಿ. ಹೊಸದು.

ಕಂದೀಲು ಇಲ್ಲಿಯೇ, ಈ ತಳದಲ್ಲಿಯೇ, ಗಂಟೆಗಟ್ಟಲೆ ಉರಿದಿತ್ತು. ದೀಪ ಬದುಕಿದ ಕಡೆ ಬೆನಕಪ್ಪ ಮೇಷ್ಟ್ರು ಗಾಳಿ ಕೆಟ್ಟು ಸಾಯಲು ಸಾಧ್ಯವಿರಲಿಲ್ಲ.

ಬ್ಯಾಟರಿಯ ಬೆಳಕನ್ನು ನೆಲದ ಮೇಲೆ ಸುತ್ತ ಆಡಿಸಿದಳು. ಇಲ್ಲೊಂದು ವಿಚಿತ್ರ. ತಲೆತಲಾಂತರ ಮುಚ್ಚಿದ್ದ ಗುಂಡಿಯಲ್ಲಿ ಧೂಳಿಲ್ಲ, ಹುಳು ತಿಂದ ಕಾಳಿನ ಹೊಟ್ಟಿಲ್ಲ. ಒಂದು ಬದಿಯ ನೆಲವನ್ನು ಯಾರೋ ಬರಿಗೈಯಿಂದ ಬಳಿದಿದ್ದರು. ನಾಲ್ಕು ಬೆರಳಿನ ಗೆರೆಗಳು ಅರ್ಧ ಚಂದ್ರದ ಹಾಗೆ ಒಂದರ ಪಕ್ಕ ಒಂದು ಮೂಡಿದ್ದವು. ಏನನ್ನೋ ಜೋಪಾನವಾಗಿ ಎತ್ತಿಕೊಂಡ ಗುರುತು.

“ಬಾಳ ಹೊತ್ತು ಇರಬ್ಯಾಡ ತಾಯಿ!” ಮೇಲಿನಿಂದ ಮಾರೆಮ್ಮನ ದನಿ ಬಂತು. ಅಷ್ಟು ದೂರದಿಂದಲೇ ಕೂಗುತ್ತಿದ್ದಳು. “ಹಗಿಯಾಗ ಬಾಳ ಹೊತ್ತು ಇರಬಾರ್ದು. ಬಾ ಮ್ಯಾಲ!”

ಕ್ರಾಂತಿ ಗೂಡಿಗೆ ಕಾಲಿಟ್ಟವಳು ಹಾಗೆಯೇ ನಿಂತಳು.

“ಏನಂದಿ ಮಾರವ್ವ? ಎದರಾಗ?”

“ಹಗಿಯಾಗ!”

*

ಬೇವಿನ ನೆರಳಿಗೆ ಬಂದವಳೇ ಕ್ರಾಂತಿ ಮೈಯ ಸುಣ್ಣ ಕೂಡ ಕೊಡವಲಿಲ್ಲ. ನೋಟ್‌ಬುಕ್ಕಿನ ಕೊನೆಯ ಪುಟ ತೆರೆದಳು.

ಕೋಟೆಯನ್ನು ಆಳಿದ ಕಿಲ್ಲೇದಾರರ ಮನೆಯಲ್ಲಿ ಒಂದು ಹಳೆಯ ಕೈಫಿಯತ್ತು, ಕೋಟೆಯ ವೃತ್ತಾಂತ ಬರೆದಿಟ್ಟ ಕಡತ, ಇದೆ. ಪ್ರತಿ ವರ್ಷ ಬನ್ನಿಯ ದಿನ ಆ ಮನೆಯ ಹಿರಿಯರು ಬನ್ನಿಕಟ್ಟೆಯ ಮೇಲೆ ನಿಂತು ಅದನ್ನು ಓದುತ್ತಾರೆ, ಊರು ಕೇಳುತ್ತದೆ. ಮೇಷ್ಟ್ರು ಅದರ ಎರಡು ಸಾಲನ್ನು ದುಂಡಗೆ ನಕಲು ಮಾಡಿದ್ದರು:

ಮುತ್ತಿಗೆ ಬಿದ್ದ ಹದಿನೇಳನೇ ದಿವಸ ಬಾಗಿಲ ಓಬನು ಹಗೆಯ ಹೊಕ್ಕನು. ಕಲ್ಲು ಮುಚ್ಚಿಸಿದೆವು.

ಬಾಗಿಲ ಓಬ ಕೋಟೆಯ ಬಾಗಿಲು ಕಾಯುತ್ತಿದ್ದವನು, ಓಬಣ್ಣನ ಹಿರಿಯ. ಹಗೆ ಎಂದರೆ ವೈರಿ. ಓಬ ವೈರಿಯ ಪಾಳೆಯ ಸೇರಿದ, ಅವನು ಹೋದ ಮೇಲೆ ಬಾಗಿಲಿಗೆ ಕಲ್ಲು ಒಟ್ಟಿ ಮುಚ್ಚಿಸಿದೆವು. ಇನ್ನೂರು ವರ್ಷ ಊರು ಕೇಳಿದ್ದು ಹೀಗೆ. ಆ ಸಾಲು ಮುಗಿದ ಕೂಡಲೇ ಎಲ್ಲರೂ ಬನ್ನಿ ಹಂಚಿಕೊಳ್ಳುತ್ತಾರೆ. ವರ್ಷವಿಡೀ ಜಗಳಾಡಿದವರೂ ಒಬ್ಬರಿಗೊಬ್ಬರು ಬನ್ನಿ ಕೊಟ್ಟು ಕಾಲು ಮುಟ್ಟುತ್ತಾರೆ. ಬಾಗಿಲ ಮನೆಯವರಿಗೆ ಮಾತ್ರ ಯಾರೂ ಕೊಡುವುದಿಲ್ಲ. ಅವರೂ ಕೈ ಚಾಚುವುದಿಲ್ಲ.

‘ಹಗೆ’ ಎಂಬ ಮಾತಿನ ಕೆಳಗೆ ಮೇಷ್ಟ್ರು ಮೂರು ಗೆರೆ ಎಳೆದಿದ್ದರು.

“ಯರ್ರೆಪ್ಪಣ್ಣ, ಹಗೇವಿಗೆ ನಿಮ್ಮ ಮನಿಯಾಗ ಏನಂತಿದ್ರು?”

“ಹಗೇವು ಅಂತೀವಿ. ನಮ್ಮ ಅಜ್ಜಿ ಹಗಿ ಅಂತಿದ್ಲು. ಹಳೇ ಮಂದಿ ಹಂಗ ಅಂತಾರ.”

“ಮನಿಗೆ ಮನೆ ಅಂತ ಬರೀತಾರ. ಸಂತಿಗೆ ಸಂತೆ. ಹಗಿಗೆ?”

ಯರ್ರೆಪ್ಪನ ತುಟಿ ಸಣ್ಣಗೆ ಅಲುಗಿತು. ಅಕ್ಷರ ಕೂಡಿಸುತ್ತಿದ್ದ. “ಹಗೆ,” ಎಂದ. ಆಮೇಲೆ ಹಗೇವಿನ ಬಾಯಿಯ ಪಕ್ಕ ಬಿದ್ದಿದ್ದ ಹಾಸುಗಲ್ಲನ್ನು ನೋಡಿದ. “ಎವ್ವಾ... ಕಲ್ಲು ಮುಚ್ಚಿಸಿದೆವು!”

ಓಬ ವೈರಿಯ ಕಡೆ ಹೋಗಿರಲಿಲ್ಲ. ಅವನನ್ನು ಇದೇ ಗುಂಡಿಗೆ ಇಳಿಸಿ ಕಿಲ್ಲೇದಾರರೇ ಮೇಲೆ ಕಲ್ಲೆಳೆಸಿದ್ದರು. ಯಾವ ತಪ್ಪಿಗೋ, ಯಾವ ಗುಟ್ಟಿಗೋ. ಬರೆದವರು ಮುಚ್ಚಿಡದೆ ಬರೆದೂ ಇಟ್ಟಿದ್ದರು. ಅಡುಗೆಮನೆಯ ಮಾತನ್ನು ಪುಸ್ತಕದ ಮಾತೆಂದು ಓದಿದ್ದರಿಂದ ಏಳೆಂಟು ತಲೆಮಾರು ಬನ್ನಿ ಇಲ್ಲದೆ ಕಳೆದವು.

ಕ್ರಾಂತಿ ಮಾರೆಮ್ಮನ ಕಡೆ ತಿರುಗಿದಳು. ಇಷ್ಟು ದೊಡ್ಡ ಮಾತು ಕೇಳಿಯೂ ಆ ಹೆಂಗಸಿನ ಮುಖದಲ್ಲಿ ಆಶ್ಚರ್ಯವಿರಲಿಲ್ಲ. ಅವಳು ಹಗ್ಗವನ್ನು ಸುರುಳಿ ಸುತ್ತುತ್ತಿದ್ದಳು. ಸುತ್ತಿದ್ದನ್ನು ಬಿಚ್ಚಿ ಮತ್ತೆ ಸುತ್ತಿದಳು.

ಯಾಕೆಂದು ಆಗಲೇ ಅವಳನ್ನು ಕೇಳಿಬಿಡಬೇಕಿತ್ತು. ಕ್ರಾಂತಿಯ ಕಣ್ಣು ಕೈಗಡಿಯಾರದ ಮೇಲೆ ಹೋಯಿತು. ಎರಡು ಹತ್ತು.

“ಕಿಲ್ಲೇದಾರ ಮನಿಗೆ ನಡೀರಿ,” ಎಂದಳು.

*

ಅಮರೇಶ್ ಕಿಲ್ಲೇದಾರನಿಗೆ ನಲವತ್ತೆರಡು. ಹಗರಿಬೊಮ್ಮನಹಳ್ಳಿಯಲ್ಲಿ ಪಂಪ್‌ಸೆಟ್ಟು, ಹನಿ ನೀರಾವರಿ ಪೈಪಿನ ಅಂಗಡಿ. ಬುಧವಾರಗಳಲ್ಲಿ ಮಾತ್ರ ಊರಲ್ಲಿರುತ್ತಾನೆ. ವಾಡೆಯ ಪಡಸಾಲೆಯಲ್ಲಿ ವಿಭೂತಿ ಹಚ್ಚಿಕೊಂಡು, ಬನಿಯನ್ನಿನಲ್ಲಿ, ಫೋನಿನ ಪಕ್ಕ ಕೂತಿದ್ದ.

“ಬರ್ರಿ ಮೇಡಂ, ಕೂಡ್ರಿ. ಏನಿದು ಮೈತುಂಬ ಸುಣ್ಣ?”

“ಕೂಡಾಕ ಬಂದಿಲ್ರಿ. ಕೈಫಿಯತ್ತು ನೋಡಬೇಕಿತ್ತು.”

“ಮೇಷ್ಟ್ರು ಒಯ್ದಿದ್ರು. ಅವರ ಮನ್ಯಾಗ ಇಲ್ಲೇನು?”

“ಇಲ್ಲ.”

“ಹಂಗಾದ್ರ ನನಗೂ ಗೊತ್ತಿಲ್ಲ.” ಒಳಗಿನಿಂದ ಅವನ ತಾಯಿ ಚಹಾ ತರಲೇನೋ ಎಂದು ಕೂಗಿದರು. ಬೇಡವೆಂದು ಇವನು ಇಲ್ಲಿಂದಲೇ ಕೂಗಿದ.

ಕ್ರಾಂತಿ ನಿಂತೇ ಇದ್ದಳು. “ಹಗೆ ಅಂದ್ರ ಏನ್ರಿ ಅಮರೇಶ್ ಅವರ?”

“ವೈರಿ. ಮೂರನೇ ಕ್ಲಾಸಿನ ಹುಡುಗರನ್ನ ಕೇಳಿದ್ರೂ ಹೇಳ್ತಾವ.”

“ಓಣ್ಯಾಗಿನ ಮುದುಕೇರನ್ನ ಕೇಳಿದ್ರ ಬ್ಯಾರೆ ಹೇಳ್ತಾರ.”

ಅಮರೇಶನ ಕಾಲು ಅಲುಗುತ್ತಿತ್ತು, ನಿಂತಿತು. ಅವನು ಬಾಗಿಲಲ್ಲಿ ನಿಂತಿದ್ದ ಯರ್ರೆಪ್ಪನನ್ನು ಒಮ್ಮೆ ನೋಡಿದ.

“ಮೇಷ್ಟ್ರೂ ಹಂಗ ಅಂದ್ರು,” ಎಂದ.

ಇಷ್ಟು ಸಲೀಸಾಗಿ ಒಪ್ಪುತ್ತಾನೆಂದು ಕ್ರಾಂತಿ ಅಂದುಕೊಂಡಿರಲಿಲ್ಲ. “ಯಾವಾಗ?”

“ಅಮಾಸಿಗೆ ಒಂದು ವಾರ ಮೊದ್ಲ. ಇಲ್ಲೇ, ಇದೇ ಖುರ್ಚಿಯಾಗ ಕುಂತಿದ್ರು. ಹಗೇವು ತೆಗಸ್ತೀನಿ, ಎಲುವು ಸಿಕ್ಕರ ಪುಸ್ತಕದಾಗ ಬರೀತೀನಿ ಅಂದ್ರು.”

“ನೀವೇನಂದ್ರಿ?”

“ಬರೀರಿ ಅಂದೆ. ಇನ್ನೂರು ವರ್ಷದ ಹಿಂದ ನಮ್ಮ ಮುತ್ಯಾನ ಮುತ್ಯಾ ಯಾರನ್ನೋ ಹಗೇವಿಗೆ ಹಾಕಿದ್ರ ಇವತ್ತು ನನ್ನ ಪೈಪು ಮಾರೋದು ನಿಲ್ತೈತೇನು?”

“ಬನ್ನಿಕಟ್ಟಿ ಮ್ಯಾಲ ನಿಂತು ಅದನ್ನ ಓದಾವ್ರು ನೀವ.”

“ಹೌದು.”

“ಇನ್ನು ಒಂಬತ್ತು ದಿನಕ್ಕ ಬನ್ನಿ. ಈ ಸಲ ಹೆಂಗ ಓದ್ತಿದ್ರಿ?”

ಅಮರೇಶ್ ಖುರ್ಚಿಯಲ್ಲಿ ಮುಂದೆ ಸರಿದು ಕೂತ. ಹಣೆಯ ಬೆವರಿಗೆ ವಿಭೂತಿಯ ಒಂದು ಪಟ್ಟೆ ತೊಯ್ದು ಜಾರುತ್ತಿತ್ತು. ಮಾತಾಡಿದಾಗ ದನಿ ಬದಲಾಗಿತ್ತು.

“ಮೇಡಂ, ಒಂದು ಕೇಳ್ತೀನಿ. ತಪ್ಪು ತಿಳ್ಕಾಬ್ಯಾಡ್ರಿ. ಓಬಣ್ಣ ನಿಮಗೇನಾಗಬೇಕು?”

“ಏನೂ ಆಗಬೇಕಿಲ್ಲ.”

“ಅಲ್ಲ, ಜನ ಮಾತಾಡ್ತಾರ. ನಮ್ಮೋರು ಅಂತ ಮೇಡಂ ಇಷ್ಟು ಬಡದಾಡ್ತಾರ ಅಂತ.”

ಕ್ರಾಂತಿಯ ಕಿವಿ ಬಿಸಿಯಾದವು. ನೌಕರಿಗೆ ಸೇರಿದಾಗಿನಿಂದ ಈ ಮಾತು ಒಂದಲ್ಲ ಒಂದು ಬಾಯಿಂದ ಬರುತ್ತಲೇ ಇತ್ತು. ಉತ್ತರ ಕೊಡಬಾರದು ಎಂದುಕೊಂಡಳು. ಕೊಟ್ಟಳು. ಅದೂ ಇಡೀ ಗಂಟು ಬಿಚ್ಚಿ.

“ಜನಕ್ಕ ಇದನ್ನ ಹೇಳ್ರಿ. ಶನಿವಾರ ಹಗೇವಿನಾಗ ಗಾಳಿ ಕೆಟ್ಟಿರಲಿಲ್ಲ. ಕಂದೀಲು ಅಲ್ಲೇ ತಳದಾಗ ನಿಂತು ಎಣ್ಣಿ ತೀರೋತನ ಉರದೈತಿ. ಗ್ವಾಡಿಗೆ ಮಸಿ ಐತಿ, ನಾನ ಒರೆಸಿ ನೋಡೇನಿ. ಓಬಣ್ಣನ ನಿರ್ಲಕ್ಷ್ಯ ಎಳ್ಳಷ್ಟೂ ಇಲ್ಲ.”

ಹೇಳಿದ ಮೇಲೆ ಅವನ ಮುಖ ನೋಡಿದಳು. ಹೆದರಿಕೆ ಕಾಣುತ್ತದೆ ಎಂದು ಕಾದಳು. ಅಮರೇಶ್ ಕಣ್ಣು ಕಿರಿದು ಮಾಡಿ ಯೋಚಿಸುತ್ತಿದ್ದ. ಆಮೇಲೆ ಬೆನ್ನನ್ನು ಖುರ್ಚಿಗೆ ಒರಗಿಸಿದ.

“ಅಂದ್ರ ಮೇಷ್ಟ್ರು ತಾವಾಗಿ ಸತ್ತಿಲ್ಲ.”

“ಇಲ್ಲ.”

“ಯಾರೋ ಉಸಿರುಗಟ್ಟಿಸ್ಯಾರ.”

“ಹೌದು.”

“ಕೊಲಿ ಅಂತ ನೀವ ಹೇಳ್ತೀರಿ.” ಅವನು ಒಂದೊಂದೇ ಮಾತನ್ನು ಮೆಟ್ಟಿಲ ಹಾಗೆ ಇಟ್ಟ. “ಬಾಗಿಲು ತೆಗೆದುಕೊಟ್ಟಾಂವ ಯಾರು? ಓಬಣ್ಣ. ಕಡೀಕ ಮೇಷ್ಟ್ರ ಜೋಡಿ ಇದ್ದಾಂವ ಯಾರು? ಓಬಣ್ಣ. ಹಗೇವಿನ ಕಲ್ಲು ಸರಿಸಿದಾಂವ? ಅವನ. ಇಷ್ಟು ದಿನ ಪಾಪ, ಮರತಾನ ಅಂತಿದ್ವಿ.”

“ಅವಂಗೆ ಯಾಕ ಬೇಕು? ಅವರ ಹಿರ್ಯಾನ ಕಳಂಕ ಕಳೀತಿದ್ದಾವ್ರು ಮೇಷ್ಟ್ರು.”

“ಅದನ್ನ ಕೋರ್ಟಿನಾಗ ಕೇಳ್ತಾರ ಬಿಡ್ರಿ.” ಅವನು ಆಗಲೇ ಫೋನಿನ ನಂಬರು ತಿರುಗಿಸುತ್ತಿದ್ದ. “ಹಲೋ, ಸರ್ಕಲ್ ಸಾಹೇಬ್ರ? ನಾನ್ರಿ, ಅಮರೇಶ್. ನಿಮ್ಮ ಮೇಡಂ ಬಾಳ ಚಲೋ ಕೆಲಸ ಮಾಡ್ಯಾರ...”

*

ತಿರುಗಿ ಬರುವಾಗ ಯರ್ರೆಪ್ಪ ಹತ್ತು ಮೈಲಿಯನ್ನೂ ಒಂದೇ ಓಟದಲ್ಲಿ ಓಡಿಸಿದ. ಠಾಣೆಯ ಮುಂದೆ ಗಾಡಿ ನಿಲ್ಲಿಸಿ, “ಅವನ ಮುಂದ ಹೇಳಬಾರ್ದಿತ್ತು,” ಎಂದ.

“ಗೊತ್ತೈತಿ.”

“ಗೊತ್ತಿದ್ದ ಮ್ಯಾಲ...”

“ಗೊತ್ತೈತಿ ಅಂದ್ನಲ್ಲ ಯರ್ರೆಪ್ಪಣ್ಣ!”

ಫೋನು ಅವಳಿಗಾಗಿ ಕಾಯುತ್ತಿತ್ತು. ಸರ್ಕಲ್ ಸಾಹೇಬರು ಶಹಬ್ಬಾಸ್ ಎಂದರು. ಪ್ರೊಬೇಷನ್ನಿನಲ್ಲೇ ಕೊಲೆ ಪತ್ತೆ ಮಾಡಿದೆಯಲ್ಲ ತಂಗಿ ಎಂದರು. ಕಲಂ ಬದಲಾಯಿಸು, ಮುನ್ನೂರ ಎರಡು ಹಾಕು, ಕಂದೀಲಿನ ಪಂಚನಾಮೆ ನೀನೇ ಬರೆ, ಐದಕ್ಕೆ ವ್ಯಾನು ಬರುತ್ತದೆ. ಅವಳ ಉತ್ತರಕ್ಕೆ ಕಾಯದೆ ಫೋನಿಟ್ಟರು.

ನಾಲ್ಕು ಗಂಟೆ.

ಬೆಳಿಗ್ಗೆ ಓಬಣ್ಣನ ಮೇಲೆ ಇದ್ದದ್ದು ಜಾಮೀನು ಸಿಗುವ ಕೇಸು. ನೌಕರಿ ಹೋಗುತ್ತಿತ್ತು, ಮರ್ಯಾದೆ ಹೋಗುತ್ತಿತ್ತು, ಮನೆಗೆ ಹೋಗಿ ಮಲಗಬಹುದಿತ್ತು. ಈಗ ಅದೂ ಇಲ್ಲ. ಕ್ರಾಂತಿ ಲಾಕಪ್ಪಿನ ಸರಳು ಹಿಡಿದು ನಿಂತಳು.

ಓಬಣ್ಣ ಗೋಡೆಗೆ ಒರಗಿ ಕುಕ್ಕರಗಾಲಲ್ಲಿ ಕೂತಿದ್ದ. ನರೆತ ಗಡ್ಡ, ಇಲಾಖೆಯ ನೀಲಿ ಅಂಗಿ.

“ಓಬಣ್ಣ, ಖರೆ ಹೇಳು. ಶನಿವಾರ ಬಾಗಿಲು ತೆಗದಾಂವ ನೀನ ಏನು?”

“ನಾನ್ರಿ.”

“ಮೇಷ್ಟ್ರನ್ನ ಯಾರೋ ಕೊಂದಾರ. ಈಗ ಅದು ನಿನ್ನ ತಲಿಗೆ ಬರತೈತಿ. ಜೀವಾವಧಿ. ತಿಳೀತೇನು?”

“ಬಾಗಿಲು ತೆಗದಾಂವ ನಾನ್ರಿ,” ಎಂದ ಮತ್ತೆ.

“ಅಲ್ಲ.”

ಮಾತು ಹಿಂದಿನಿಂದ ಬಂದಿತ್ತು. ಮಾರೆಮ್ಮ ಠಾಣೆಯ ಹೊಸ್ತಿಲಲ್ಲಿ ನಿಂತಿದ್ದಳು. ಬಸ್ಸಿಗೆ ಕಾಯದೆ ಯಾವುದೋ ಶೇಂಗಾ ಟ್ರ್ಯಾಕ್ಟರಿನಲ್ಲಿ ಬಂದಿದ್ದಳೇನೋ, ತಲೆಯ ತುಂಬ ಕೆಂಪು ಧೂಳು. ಸೆರಗಿನಲ್ಲಿ ಏನನ್ನೋ ಕಟ್ಟಿ ಕಂಕುಳಲ್ಲಿ ಅವಚಿದ್ದಳು.

“ಮಾರೀ!” ಓಬಣ್ಣ ಎದ್ದು ಸರಳಿಗೆ ಬಂದುಬಿದ್ದ. “ಬಾಯಿ ಮುಚ್ಚಲೇ! ಮನಿಗೆ ಹೋಗು!”

“ಏಟು ದಿನ ಮುಚ್ಚಲಿ? ನಿನ್ನ ಗಲ್ಲಿಗೆ ಹಾಕೋತನ ಮುಚ್ಚಲೇನು?” ಅವಳು ಗಂಡನ ಕಡೆ ನೋಡದೆ ಕ್ರಾಂತಿಯ ಮೇಜಿನ ಮುಂದೆ ನೆಲದ ಮೇಲೆ ಕೂತಳು. “ಬರಕಾ ಅವ್ವ. ಬಾಗಿಲು ತೆಗದಾಕಿ ನಾನು. ಇಂವ ಅಷ್ಟೊತ್ತಿಗೆ ಬಸ್ಸು ಹತ್ತಿದ್ದ. ಮೇಷ್ಟ್ರ ಜೋಡಿ ಹಗಿಗಿ ಇಳದಾಕೀನೂ ನಾನು.”

ಕ್ರಾಂತಿ ಕಣ್ಣಿನಲ್ಲೇ ಯರ್ರೆಪ್ಪನಿಗೆ ಸನ್ನೆ ಮಾಡಿದಳು. ಅವನು ಕಾಗದ ಎಳೆದುಕೊಂಡು ಬರೆಯತೊಡಗಿದ.

“ಯಾಕ ಇಳದಿ ಮಾರವ್ವ?”

ಮಾರೆಮ್ಮ ಸೆರಗಿನ ಗಂಟು ಬಿಚ್ಚಿದಳು. ಹೊಸ ಬಿಳಿ ಬಟ್ಟೆಯ ತುಂಡು. ಅದರೊಳಗೆ ಹಳದಿಗೆ ತಿರುಗಿದ ಒಂದು ಮೂಳೆ, ಗೇಣುದ್ದ.

“ನಮ್ಮ ಹಿರ್ಯಾ,” ಎಂದಳು. “ಉಳದದ್ದು ಮನ್ಯಾಗ ಜೋಳದ ಗಡಗಿಯಾಗ ಐತಿ. ಮೇಷ್ಟ್ರ ಹೇಳಿದ್ರು. ಮಂದಿ ಬರಾಕ ಮೊದ್ಲ ನಿಮ್ಮ ಹಿರ್ಯಾನ್ನ ನೀವು ಮುಟ್ಟಬೇಕವ್ವ, ಬಾ ಅಂದ್ರು. ನಾನ ಕೈಲೆ ಮಣ್ಣು ಬಳದು ತಗದೆ. ಬುಟ್ಟಿಯಾಗ ಹಾಕ್ಕೊಂಡು ಮ್ಯಾಲ ಬಂದೆ. ಅವರು ಅಳತಿ ಬರಕೊಂಡು ಬರ್ತೀನಿ, ನೀ ನಡಿ ಅಂದ್ರು. ಜೀವಂತ ಇದ್ರವ್ವ. ಕಂದೀಲು ಉರಿತಿತ್ತು. ನಗ್ತಿದ್ರು.”

“ಇದನ್ನ ನಾಕು ದಿನ ಯಾಕ ಹೇಳ್ಲಿಲ್ಲ? ನನ್ನ ಹತ್ರನಾದ್ರೂ?”

“ಯಾರಿಗೆ ಹೇಳ್ಲಿ?” ಮಾರೆಮ್ಮ ಮೂಳೆಯ ಮೇಲೆ ಬಟ್ಟೆ ಮಡಿಸಿದಳು. “ಬುಟ್ಟಿ ಹೊತ್ಕೊಂಡು ಬಾಗಿಲ ದಾಟಿದೆ. ಎದುರಿಗೆ ಬಂದು ನಿಂತ್ಕಂತು. ನಾ ಗಿಡದ ಹಿಂದ ಸರದೆ. ಒಬ್ಬರು ಇಳದು ಒಳಗ ಹೋದ್ರು. ಮೇಷ್ಟ್ರ ಅಂತ ಕರದದ್ದು ಕೇಳಿಸ್ತು. ಬೆನ್ನು ಅಷ್ಟ ಕಂಡಿದ್ದು.”

“ಏನು ಬಂದು ನಿಂತಿತು?”

“ಮಾರೀ, ನಿನ್ನ ಕಾಲು ಬೀಳ್ತೀನಿ,” ಎಂದ ಒಳಗಿನಿಂದ ಓಬಣ್ಣ. ಈಗ ಅವನು ಅಳುತ್ತಿದ್ದ.

“ನಿಮ್ಮ ಜೀಪು, ಅವ್ವ,” ಎಂದಳು ಮಾರೆಮ್ಮ. “ಪೊಲೀಸ್ ಜೀಪು.”

ಠಾಣೆಗೆ ಇದ್ದದ್ದು ಒಂದೇ ಜೀಪು. ಆ ಶನಿವಾರ ಅದು ರಿಪೇರಿಗೆಂದು ಇಡೀ ದಿನ ಹೊಸಪೇಟೆಯ ಗ್ಯಾರೇಜಿನಲ್ಲಿರಬೇಕಿತ್ತು. ಅವತ್ತು ಕೊಟ್ಟೂರಿಗೆ ಬಂದೋಬಸ್ತಿಗೆ ಕ್ರಾಂತಿ ಬಸ್ಸಿನಲ್ಲಿ ನಿಂತು ಹೋಗಿದ್ದಳು. ಠಾಣೆಯ ದಿನಚರಿಯಲ್ಲಿ ಜೀಪು ಗ್ಯಾರೇಜಿನಲ್ಲಿದೆ ಎಂದು ಬರೆದದ್ದನ್ನು ತಾನೇ ಓದಿದ್ದಳು. ಯರ್ರೆಪ್ಪನ ಅಕ್ಷರ.

ಹೊರಗೆ ವ್ಯಾನು ಬಂದು ನಿಂತ ಸದ್ದಾಯಿತು. ಕಾಗದದ ಮೇಲೆ ಪೆನ್ನಿನ ಸದ್ದು ಯಾವಾಗಲೋ ನಿಂತುಹೋಗಿತ್ತು.

“ಇದನ್ನೂ ಬರೀಲೇನ್ರಿ ಮೇಡಂ?” ಎಂದ ಯರ್ರೆಪ್ಪ.